ಗೌರವಸೇವೆಯೂ ಸಹಜ ನ್ಯಾಯವೂ

(ಅಂತಿಮ ಬಿ.ಎ. ತರಗತಿಯ ಒಬ್ಬ ವಿದ್ಯಾರ್ಥಿನಿ)

ರಾಜ್ಯಶಾಸ್ತ್ರದ ತರಗತಿಯಲ್ಲಿ ನ್ಯಾಯಾಂಗದ ಅಧಿಕಾರವನ್ನು ಕುರಿತು ಓದುವಾಗ ನಮ್ಮ ಕಣ್ಣ ಮುಂದೆ ಬರುವುದು ದೊಡ್ಡ ಮೊಕದ್ದಮೆಗಳು: ಬ್ಯಾಂಕುಗಳ ರಾಷ್ಟ್ರೀಕರಣ, ರಾಜಧನದ ರದ್ದತಿ, ಸಂವಿಧಾನದ ತಿದ್ದುಪಡಿ. ಪರೀಕ್ಷೆಯ ದೃಷ್ಟಿಯಿಂದ ಅವು ಮುಖ್ಯವೇ ಸರಿ. ಆದರೆ ಉಚ್ಚ ನ್ಯಾಯಾಲಯದ ಬಾಗಿಲಿಗೆ ಬರುವ ಸಣ್ಣ ಮೊಕದ್ದಮೆಗಳಲ್ಲಿ ಒಂದು ಬಗೆಯದು ಇದೆ; ಅದನ್ನು ಯಾವ ಪಠ್ಯಪುಸ್ತಕವೂ ಹೇಳುವುದಿಲ್ಲ. ಒಂದು ಹಳ್ಳಿಯ ಅಂಗನವಾಡಿಗೆ ಒಬ್ಬ ಹೆಂಗಸನ್ನು ಕಾರ್ಯಕರ್ತೆಯನ್ನಾಗಿ ನೇಮಿಸಿ, ಕೆಲವು ದಿನಗಳ ಮೇಲೆ ಆ ನೇಮಕವನ್ನು ರದ್ದುಪಡಿಸಿದಾಗ, ಆಕೆ ಹೂಡುವ ರಿಟ್ ಅರ್ಜಿ ಅದು. ಈ ಸಣ್ಣ ವಿಷಯವನ್ನು ನಮ್ಮ ವಾರ್ಷಿಕ ಸಂಚಿಕೆಯ ಓದುಗರ ಮುಂದೆ ಇಡಲು ನನಗೆ ಎರಡು ಕಾರಣಗಳಿವೆ. ಮೊದಲನೆಯದು, ನಮ್ಮಲ್ಲಿ ಬಹು ಮಂದಿ ಅಕ್ಷರದ ಮುಖವನ್ನು ಮೊದಲು ಕಂಡದ್ದು ಅಂಗನವಾಡಿಯ ಚಾಪೆಯ ಮೇಲೆ. ಎರಡನೆಯದು, ಪದವಿ ಪಡೆದು ಈ ಕಾಲೇಜಿನಿಂದ ಹೊರಬೀಳುವ ನಮ್ಮ ಗೆಳತಿಯರಲ್ಲಿ ಕೆಲವರಾದರೂ ಈ ಹುದ್ದೆಗೆ ಅರ್ಜಿ ಹಾಕುವವರೇ.

ಅಂಗನವೆಂದರೆ ಅಂಗಳ. ಮನೆಯ ಅಂಗಳದಲ್ಲಿ ಆಡುವ ಮಗುವಿಗೆ ಊರಿನ ಅಂಗಳದಲ್ಲಿ ಅನ್ನ, ಅಕ್ಷರ, ಆರೋಗ್ಯ ಈ ಮೂರನ್ನೂ ಒದಗಿಸಬೇಕೆಂಬುದು ಹೆಸರಿನ ಹಿಂದಿನ ಆಶಯ. ಸಮಗ್ರ ಶಿಶು ಅಭಿವೃದ್ಧಿ ಸೇವಾ ಯೋಜನೆಯು 1975ರ ಅಕ್ಟೋಬರ್ 2ರಂದು ದೇಶದ 33 ಕಡೆಗಳಲ್ಲಿ ಪ್ರಾಯೋಗಿಕವಾಗಿ ಆರಂಭವಾಯಿತು. ನಮ್ಮ ರಾಜ್ಯದಲ್ಲಿ ಅದು ಮೊದಲು ಕಾಲಿಟ್ಟದ್ದು ಮೈಸೂರು ಜಿಲ್ಲೆಯ ತಿರುಮಕೂಡಲು ನರಸೀಪುರದಲ್ಲಿ. ಪೂರಕ ಪೌಷ್ಟಿಕ ಆಹಾರ, ಶಾಲಾಪೂರ್ವ ಶಿಕ್ಷಣ, ಚುಚ್ಚುಮದ್ದು, ಆರೋಗ್ಯ ತಪಾಸಣೆ, ಹೆಚ್ಚಿನ ಚಿಕಿತ್ಸೆಗೆ ಕಳುಹಿಸುವುದು, ತಾಯಂದಿರಿಗೆ ತಿಳಿವಳಿಕೆ ಕೊಡುವುದು—ಹೀಗೆ ಆರು ಸೇವೆಗಳು ಅಂಗನವಾಡಿಯಿಂದ ನಡೆಯಬೇಕು. 2013ರ ಆಗಸ್ಟಿನಲ್ಲಿ ಹಾಲು ಕೊಡುವ ಕ್ಷೀರಭಾಗ್ಯ ಬಂದಿತು; 2017ರ ಅಕ್ಟೋಬರಿನಲ್ಲಿ ಗರ್ಭಿಣಿಯರಿಗೂ ಬಾಣಂತಿಯರಿಗೂ ಬಿಸಿಯೂಟ ಬಡಿಸುವ ಮಾತೃಪೂರ್ಣ ಬಂದಿತು. ಇಷ್ಟನ್ನೂ ಹೊರುವವರು ಇಬ್ಬರೇ: ಒಬ್ಬ ಕಾರ್ಯಕರ್ತೆ, ಒಬ್ಬ ಸಹಾಯಕಿ.

ಇಂತಹ ಕೆಲಸಕ್ಕೆ ಜಗಳವೇಕೆ ಎಂದು ಪಟ್ಟಣದವರು ಕೇಳಬಹುದು. ಸಂಬಳವೆಂದು ಕರೆಯಲೂ ಬಾರದ ಗೌರವಧನ; ಅದರಲ್ಲಿ ಕೇಂದ್ರದ ಪಾಲು 3,000 ರೂಪಾಯಿಗಳಿಂದ 4,500ಕ್ಕೆ ಏರಿದ್ದೇ 2018ರಲ್ಲಿ. ಅದರ ಮೇಲೆ ರಾಜ್ಯ ಸರ್ಕಾರ ತನ್ನ ಪಾಲನ್ನು ಸೇರಿಸಿ ಕೊಡುತ್ತದೆ. ಹಳ್ಳಿಯನ್ನು ಬಲ್ಲವರು ಮಾತ್ರ ಹೀಗೆ ಕೇಳಲಾರರು. ಪಿ.ಯು.ಸಿ. ಮುಗಿಸಿ, ಮದುವೆಯಾಗಿ, ಕೈಗೂಸನ್ನು ಕಟ್ಟಿಕೊಂಡು ಕುಳಿತ ಹೆಂಗಸಿಗೆ ಊರು ಬಿಡದೆ, ಯಾರ ಹೊಲಕ್ಕೂ ಕೂಲಿಗೆ ಹೋಗದೆ, ನಾಲ್ಕು ಜನರಿಂದ ‘ಟೀಚರ್’ ಎನ್ನಿಸಿಕೊಂಡು ಬದುಕುವ ದಾರಿ ಊರಿಗೆ ಒಂದೇ. ಆ ಒಂದು ಸ್ಥಾನ ತೆರವಾಗುವುದು ಇಪ್ಪತ್ತು ಮೂವತ್ತು ವರ್ಷಗಳಿಗೊಮ್ಮೆ. ಅರ್ಜಿ ಹಾಕುವವರು ಒಂದೇ ಬೀದಿಯ ಐದಾರು ಮಂದಿ. ಒಬ್ಬಳಿಗೆ ಸಿಕ್ಕಿದಾಗ ಉಳಿದವರ ಮನೆಯಲ್ಲಿ ಅಂದು ಒಲೆ ಸರಿಯಾಗಿ ಉರಿಯುವುದಿಲ್ಲ. ಆದುದರಿಂದಲೇ ತಾತ್ಕಾಲಿಕ ಆಯ್ಕೆ ಪಟ್ಟಿಯನ್ನು ಪ್ರಕಟಿಸಿ ಆಕ್ಷೇಪಣೆಗಳನ್ನು ಕರೆಯುವ ಪದ್ಧತಿ ಇದೆ. ಆಕ್ಷೇಪಣೆಗಳೂ ಬರುತ್ತವೆ: ಈಕೆ ಈ ಊರಿನವಳಲ್ಲ, ಗಂಡನ ಮನೆ ಬೇರೆ ಊರಿನಲ್ಲಿದೆ, ವಾಸಸ್ಥಳದ ದೃಢೀಕರಣ ಪತ್ರ ಸುಳ್ಳು, ಅಂಕಪಟ್ಟಿ ಸರಿಯಿಲ್ಲ, ವಿಧವೆಯರಿಗೆ ಇರುವ ಆದ್ಯತೆಯನ್ನು ಕೊಟ್ಟಿಲ್ಲ. ಕೆಲವು ನಿಜ, ಕೆಲವು ಹೊಟ್ಟೆಕಿಚ್ಚು.

ಎರಡು ವರ್ಷಗಳ ಹಿಂದೆ ನಮ್ಮ ಊರಿನ ಪಕ್ಕದ ಊರಿನಲ್ಲಿ ಹೀಗೆ ನೇಮಕಗೊಂಡ ಒಬ್ಬಾಕೆ, ಎರಡು ತಿಂಗಳು ಕೆಲಸ ಮಾಡಿದ ಮೇಲೆ ತನಗೆ ಬಂದ ರದ್ದು ಆದೇಶವನ್ನು ಹಿಡಿದುಕೊಂಡು ನನ್ನಲ್ಲಿಗೆ ಬಂದಿದ್ದಳು. ನಮ್ಮ ಕಡೆ ಕಾಲೇಜು ಮೆಟ್ಟಿಲು ಹತ್ತಿದವರು ವಿರಳವಾದುದರಿಂದ ಬಿ.ಎ. ಓದುವವಳಿಗೆ ಕಾನೂನೂ ತಿಳಿದಿರಬೇಕೆಂದು ಜನ ನಂಬಿದ್ದಾರೆ. ಆದೇಶವು ಅರ್ಧ ಹಾಳೆಯದು. ‘ಉಲ್ಲೇಖ (2)ರ ದೂರಿನನ್ವಯ ಸದರಿಯವರ ನೇಮಕಾತಿಯನ್ನು ಈ ಮೂಲಕ ರದ್ದುಪಡಿಸಲಾಗಿದೆ’ ಎಂದು ಅದರಲ್ಲಿತ್ತು. “ನೋಡವ್ವಾ, ಓದೋಕೆ ನನಗೂ ಬರ್ತದೆ. ಆದರೆ ಈ ಉಲ್ಲೇಖ ಎರಡು ಅನ್ನೋದು ಏನು? ಯಾರು ಏನು ಬರೆದುಕೊಟ್ಟರು?” ಎಂದು ಆಕೆ ಕೇಳಿದಳು. ಹಾಳೆಯನ್ನು ತಿರುಗಿಸಿ ನೋಡಿದೆ. ದೂರಿನ ಪ್ರತಿ ಜೊತೆಗಿರಲಿಲ್ಲ. ದೂರಿಗೆ ಉತ್ತರ ಕೊಡೆಂದು ಯಾರೂ ಆಕೆಯನ್ನು ಕೇಳಿರಲಿಲ್ಲ. ಆಕೆಯ ಆಯ್ಕೆ ಸರಿಯೋ ತಪ್ಪೋ ನಾನು ಹೇಳಲಾರೆ. ನನ್ನ ಮನಸ್ಸಿನಲ್ಲಿ ನಿಂತದ್ದು ಆ ಪ್ರಶ್ನೆ ಮಾತ್ರ: ತನ್ನ ಮೇಲೆ ಹೊರಿಸಿದ ತಪ್ಪೇನೆಂದು ತಿಳಿಯುವುದಕ್ಕೂ ಆಕೆಗೆ ಹಕ್ಕಿಲ್ಲವೆ?

ಇಂತಹ ಸಂದರ್ಭದಲ್ಲಿ ಕಚೇರಿಗಳಿಂದ ಕೇಳಿಬರುವ ಸಿದ್ಧ ಉತ್ತರ ಒಂದಿದೆ. ‘ಇದು ಸರ್ಕಾರಿ ನೌಕರಿಯಲ್ಲ, ಗೌರವಸೇವೆ, ಕೊಟ್ಟವರು ತೆಗೆದುಕೊಳ್ಳಬಹುದು.’ ಈ ಮಾತಿನ ಮೊದಲರ್ಧದಲ್ಲಿ ನಿಜಾಂಶವಿದೆ. ಅದು ಹುಟ್ಟಿದ್ದೂ ನಮ್ಮ ಕರ್ನಾಟಕದ ಮೊಕದ್ದಮೆಯೊಂದರಿಂದಲೇ. ಕರ್ನಾಟಕ ರಾಜ್ಯ ವಿರುದ್ಧ ಅಮೀರಬಿ ಎಂಬ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 2006ರ ಡಿಸೆಂಬರಿನಲ್ಲಿ ತೀರ್ಪಿತ್ತು, ಅಂಗನವಾಡಿ ಕಾರ್ಯಕರ್ತೆಯರು ಸಿವಿಲ್ ಹುದ್ದೆಯನ್ನು ಹೊಂದಿದವರಲ್ಲವೆಂದೂ, ಆದುದರಿಂದ ಅವರ ಅರ್ಜಿಯನ್ನು ವಿಚಾರಿಸುವ ಅಧಿಕಾರ ರಾಜ್ಯದ ಆಡಳಿತ ನ್ಯಾಯಮಂಡಳಿಗೆ ಇಲ್ಲವೆಂದೂ ಹೇಳಿತು. ಸಂವಿಧಾನದ 311ನೆಯ ವಿಧಿಯು ಸರ್ಕಾರಿ ನೌಕರರಿಗೆ ಕೊಡುವ ರಕ್ಷಣೆಯೂ ಇವರಿಗೆ ದೊರೆಯದಾಯಿತು. ವಿಚಿತ್ರವೇನೆಂದರೆ, ಅದೇ ನ್ಯಾಯಾಲಯವು ಅದೇ ತಿಂಗಳು, ಆಹಾರದ ಹಕ್ಕಿನ ಇನ್ನೊಂದು ಮೊಕದ್ದಮೆಯಲ್ಲಿ, 2008ರ ಡಿಸೆಂಬರಿನೊಳಗೆ ದೇಶದಲ್ಲಿ 14 ಲಕ್ಷ ಅಂಗನವಾಡಿಗಳನ್ನು ತೆರೆಯಬೇಕೆಂದು ಆಜ್ಞಾಪಿಸಿತು. ಕೆಲಸ ಅತ್ಯವಶ್ಯ, ಮಾಡುವವಳು ಮಾತ್ರ ನೌಕರಳಲ್ಲ!

ಆದರೆ ಆ ಮಾತಿನ ಉತ್ತರಾರ್ಧ, ಅಂದರೆ ‘ಕೊಟ್ಟವರು ತೆಗೆದುಕೊಳ್ಳಬಹುದು’ ಎಂಬುದು, ಆ ತೀರ್ಪಿನಿಂದ ಹೊರಡುವುದಿಲ್ಲ. ಬಾಗಿಲು ಮುಚ್ಚಿದ್ದು ನ್ಯಾಯಮಂಡಳಿಯದು. 226ನೆಯ ವಿಧಿಯಂತೆ ಉಚ್ಚ ನ್ಯಾಯಾಲಯದ ಬಾಗಿಲು ತೆರೆದೇ ಇದೆ. ಸಂವಿಧಾನದ 14ನೆಯ ವಿಧಿಯು ರಾಜ್ಯವು ಯಾವ ವ್ಯಕ್ತಿಗೂ ಸಮಾನ ನ್ಯಾಯವನ್ನು ನಿರಾಕರಿಸಬಾರದೆಂದು ಹೇಳುವಾಗ ‘ವ್ಯಕ್ತಿ’ ಎಂಬ ಪದವನ್ನು ಬಳಸುತ್ತದೆ. ಆ ವ್ಯಕ್ತಿ ಕಾಯಂ ನೌಕರನೋ ಗೌರವಸೇವಕಿಯೋ ಎಂದು ಕೇಳುವುದಿಲ್ಲ. ಮೇಲಾಗಿ ಕಾಲವೂ ಮುಂದುವರಿದಿದೆ. 2013ರ ರಾಷ್ಟ್ರೀಯ ಆಹಾರ ಭದ್ರತಾ ಕಾಯಿದೆಯು ಅಂಗನವಾಡಿಯ ಊಟವನ್ನು ಮಗುವಿನ ಶಾಸನಬದ್ಧ ಹಕ್ಕನ್ನಾಗಿ ಮಾಡಿತು. 2022ರ ಏಪ್ರಿಲಿನಲ್ಲಿ, ಗುಜರಾತಿನ ದಾಹೋದ್ ಜಿಲ್ಲೆಯಿಂದ ಬಂದ ಮಣಿಬೇನ್ ಭಾರಿಯಾ ಎಂಬುವರ ಮೊಕದ್ದಮೆಯಲ್ಲಿ, ಕಾರ್ಯಕರ್ತೆಯರೂ ಸಹಾಯಕಿಯರೂ 1972ರ ಗ್ರಾಚ್ಯುಯಿಟಿ ಕಾಯಿದೆಗೆ ಒಳಪಡುವರೆಂದು ಸರ್ವೋಚ್ಚ ನ್ಯಾಯಾಲಯವೇ ತೀರ್ಮಾನಿಸಿತು. ಗೌರವಧನವೆಂಬ ಹೆಸರಿದ್ದರೂ ಅದು ವೇತನವೇ ಎಂದು ಆ ಕಾಯಿದೆಯ ಮಟ್ಟಿಗೆ ಒಪ್ಪಿದಂತಾಯಿತು. ಹೆಸರಿನಲ್ಲಿರುವ ‘ಗೌರವ’ವನ್ನು ಸಂಬಳ ತಗ್ಗಿಸುವುದಕ್ಕೆ ಮಾತ್ರ ಬಳಸಿ, ನಡೆಸಿಕೊಳ್ಳುವಾಗ ಮರೆಯುವುದು ಇನ್ನು ಸಲ್ಲದು.

ಹಾಗಾದರೆ ರದ್ದಾದ ನೇಮಕವೊಂದು ಎದುರಿಗೆ ಬಂದಾಗ ನ್ಯಾಯಾಲಯವು ನೋಡುವುದೇನು? ಇಬ್ಬರು ಅಭ್ಯರ್ಥಿಗಳಲ್ಲಿ ಯಾರು ಮಕ್ಕಳನ್ನು ಚೆನ್ನಾಗಿ ನೋಡಿಕೊಂಡಾರು ಎಂಬುದನ್ನು ಅದು ನೋಡುವುದಿಲ್ಲ. ಅದು ಆಯ್ಕೆ ಸಮಿತಿಯ ಕೆಲಸ. ನ್ಯಾಯಾಲಯದ ಪ್ರಶ್ನೆಗಳು ಬೇರೆ. ರದ್ದುಪಡಿಸಿದವರಿಗೆ ಆ ಅಧಿಕಾರವಿತ್ತೆ? ರದ್ದುಪಡಿಸುವ ಮುನ್ನ ಆಕೆಗೆ ಕಾರಣ ಕೇಳುವ ನೋಟಿಸು ಕೊಟ್ಟರೆ? ಆಕೆಯ ವಿರುದ್ಧದ ಕಾಗದಪತ್ರಗಳನ್ನು ತೋರಿಸಿದರೆ? ಆದೇಶದಲ್ಲಿ ಕಾರಣವನ್ನು ಬರೆದಿದ್ದಾರೆಯೆ, ಆ ಕಾರಣವು ಆಯ್ಕೆಯ ನಿಯಮಗಳಿಗೆ ಸಂಬಂಧಪಟ್ಟದ್ದೆ? ಈ ಪ್ರಶ್ನೆಗಳಿಗೆ ಆಧಾರವಾದುದು ಸಹಜ ನ್ಯಾಯವೆಂಬ ತತ್ತ್ವ.

ಈ ತತ್ತ್ವದ ಇತಿಹಾಸದಲ್ಲಿ ಕಾಲೇಜಿನವರಾದ ನಮಗೆ ರುಚಿಸುವ ಒಂದು ಪ್ರಸಂಗವಿದೆ. ಕೇಂಬ್ರಿಜ್ ವಿಶ್ವವಿದ್ಯಾಲಯವು ರಿಚರ್ಡ್ ಬೆಂಟ್ಲಿ ಎಂಬ ಮಹಾ ಪಂಡಿತನ ಪದವಿಗಳನ್ನು ಅವನ ಅಹವಾಲನ್ನು ಕೇಳದೆಯೇ ಕಿತ್ತುಕೊಂಡಿತು. 1723ರಲ್ಲಿ ನ್ಯಾಯಾಲಯವು ಅವನ್ನು ಹಿಂದಿರುಗಿಸಲು ಆಜ್ಞೆಮಾಡಿತು. ಅಂದು ನ್ಯಾಯಾಧೀಶರೊಬ್ಬರು, ತೋಟದ ಹಣ್ಣು ತಿಂದ ಆದಾಮನನ್ನು ಸಹ ದೇವರು ಶಿಕ್ಷೆಗೆ ಮುಂಚೆ ಕರೆದು ವಿಚಾರಿಸಿದನಲ್ಲವೆ ಎಂಬ ಅರ್ಥದ ಮಾತನಾಡಿದರಂತೆ. ಎಲ್ಲವನ್ನೂ ಬಲ್ಲ ದೇವರಿಗೇ ಕೇಳುವ ತಾಳ್ಮೆ ಇದ್ದ ಮೇಲೆ, ಎಲ್ಲವನ್ನೂ ಬಲ್ಲವರಲ್ಲದ ಅಧಿಕಾರಿಗಳಿಗೆ ಅದು ಇರಬೇಡವೆ?

ನಮ್ಮ ದೇಶದ ತೀರ್ಪುಗಳೂ ಇದನ್ನೇ ಹೇಳುತ್ತವೆ. ಒರಿಸ್ಸಾದ ಡಾಕ್ಟರ್ ಬೀನಾಪಾಣಿ ದೇಯಿ ಎಂಬ ವೈದ್ಯೆಯ ಜನ್ಮದಿನಾಂಕವನ್ನು ಸರ್ಕಾರವು ತಾನೇ ಹಿಂದಕ್ಕೆ ಸರಿಸಿ ಆಕೆಯನ್ನು ನಿವೃತ್ತಿಗೊಳಿಸಿತ್ತು; ವಿಚಾರಣೆಯ ವರದಿಯನ್ನು ಆಕೆಗೆ ತೋರಿಸಿರಲಿಲ್ಲ. 1967ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಆದೇಶವು ಕೇವಲ ಆಡಳಿತಾತ್ಮಕವಾದರೂ ಅದರಿಂದ ಒಬ್ಬರ ಹಕ್ಕಿಗೆ ಬಾಧೆಯುಂಟಾಗುವುದಾದರೆ ಅವರ ಮಾತನ್ನು ಕೇಳಿಯೇ ಹೊರಡಿಸತಕ್ಕದ್ದೆಂದು ತೀರ್ಮಾನಿಸಿತು. 1977ರಲ್ಲಿ ಮೋಹಿಂದರ್ ಸಿಂಗ್ ಗಿಲ್ ಮೊಕದ್ದಮೆಯಲ್ಲಿ ಇನ್ನೊಂದು ಸೂತ್ರ ಸ್ಥಿರವಾಯಿತು: ಆದೇಶವು ನಿಲ್ಲಬೇಕಾದುದು ಅದರಲ್ಲಿಯೇ ಬರೆದ ಕಾರಣಗಳ ಮೇಲೆ, ಮೊಕದ್ದಮೆ ಬಂದ ಮೇಲೆ ಪ್ರಮಾಣಪತ್ರದ ಮೂಲಕ ಹೊಸ ಕಾರಣಗಳನ್ನು ಜೋಡಿಸುವಂತಿಲ್ಲ. ‘ದೂರಿನನ್ವಯ’ ಎಂಬ ಒಂದೇ ಪದದ ಆದೇಶಕ್ಕೆ ಈ ಎರಡು ತೀರ್ಪುಗಳ ಮುಂದೆ ನಿಲ್ಲಲು ಕಾಲೆಲ್ಲಿದೆ?

ಇಲ್ಲಿ ಒಂದು ಆಕ್ಷೇಪವನ್ನು ಎದುರಿಸಲೇಬೇಕು. ಸುಳ್ಳು ಪತ್ರ ತಂದು, ನ್ಯಾಯವಾಗಿ ಬೇರೊಬ್ಬಳಿಗೆ ಸಲ್ಲಬೇಕಾದ ಸ್ಥಾನವನ್ನು ಕಸಿದುಕೊಂಡವಳಿಗೂ ನೋಟಿಸು, ವಿಚಾರಣೆ ಎಂದು ಉಪಚಾರ ಮಾಡುತ್ತ ಕುಳಿತರೆ, ಮೋಸಹೋದವಳಿಗೆ ನ್ಯಾಯವೆಲ್ಲಿ? ಆ ಪಟ್ಟಿಯಲ್ಲಿ ಎರಡನೆಯವಳಾಗಿ ನಿಂತ ಹೆಂಗಸು ಒಬ್ಬ ವಿಧವೆಯೇ ಆಗಿರಬಹುದು. ಆಕೆಯ ಕಣ್ಣೀರೂ ಕಣ್ಣೀರೇ. ಈ ಆಕ್ಷೇಪವನ್ನು ನಾನು ಹಗುರವೆಂದು ಎಣಿಸುವುದಿಲ್ಲ. ನ್ಯಾಯಾಲಯಗಳೂ ಎಣಿಸಿಲ್ಲ. ಒಪ್ಪಿಕೊಂಡ ಸಂಗತಿಗಳಿಂದ ಒಂದೇ ತೀರ್ಮಾನ ಸಾಧ್ಯವಿರುವ ಕಡೆ, ಬರಿಯ ಶಾಸ್ತ್ರಕ್ಕಾಗಿ ವಿಚಾರಣೆ ನಡೆಸೆಂದು ನ್ಯಾಯಾಲಯವು ಆಜ್ಞೆಮಾಡದೆ ಇರಬಹುದೆಂದು 1980ರ ಎಸ್.ಎಲ್. ಕಪೂರ್ ತೀರ್ಪಿನಲ್ಲಿ ಹೇಳಿದೆ. ಆದರೆ ಅಂಗನವಾಡಿಯ ವಿವಾದಗಳಲ್ಲಿ ಸಂಗತಿಗಳನ್ನು ಯಾರು ಒಪ್ಪಿಕೊಂಡಿರುತ್ತಾರೆ? ಒಬ್ಬಾಕೆ ಎಲ್ಲಿ ವಾಸವಾಗಿದ್ದಾಳೆ ಎಂಬುದು ನಮ್ಮ ಹಳ್ಳಿಗಳಲ್ಲಿ ಸುಲಭದ ಪ್ರಶ್ನೆಯೇ ಅಲ್ಲ. ಮದುವೆಯಾದರೂ ಗಂಡ ಬಿಟ್ಟುದರಿಂದ ತವರಿನಲ್ಲಿರುವವಳು, ಪಡಿತರ ಚೀಟಿ ಅತ್ತೆಯ ಮನೆಯಲ್ಲಿದ್ದು ತಾನು ತೋಟದ ಮನೆಯಲ್ಲಿರುವವಳು, ಮಜರೆ ಹಳ್ಳಿಯವಳು—ಇವರೆಲ್ಲರ ವಾಸ ಯಾವ ಊರು? ದಾಖಲೆ ಒಂದು ಹೇಳುತ್ತದೆ, ಬದುಕು ಇನ್ನೊಂದು ಹೇಳುತ್ತದೆ. ಕರೆದು ಕೇಳಿದರಲ್ಲದೆ ನಿಜ ಹೊರಬೀಳದು. ಸುಳ್ಳು ಹೇಳಿದವಳ ಸುಳ್ಳು ಬಯಲಾಗುವುದೂ ಆ ವಿಚಾರಣೆಯಲ್ಲಿಯೇ. ಸರಿಯಾಗಿ ವಿಚಾರಿಸಿ ರದ್ದುಪಡಿಸಿದ ಆದೇಶವನ್ನು ನ್ಯಾಯಾಲಯವೂ ಎತ್ತಿಹಿಡಿಯುತ್ತದೆ. ಆಗ ಎರಡನೆಯವಳಿಗೆ ಸಿಕ್ಕಿದ ಸ್ಥಾನವೂ ಗಟ್ಟಿಯಾಗುತ್ತದೆ. ಅವಸರದ ರದ್ದತಿಯಿಂದ ನಷ್ಟ ಇಬ್ಬರಿಗೂ.

ನ್ಯಾಯಾಲಯವು ಆಡಳಿತದಲ್ಲಿ ಕೈಹಾಕುತ್ತದೆಂದು ದೂರುವವರೂ ಇದ್ದಾರೆ. ಈ ಬಗೆಯ ಮೊಕದ್ದಮೆಗಳಲ್ಲಿ ಆ ದೂರಿಗೆ ಆಧಾರ ಕಡಿಮೆ. ನ್ಯಾಯಾಲಯವು ಸಾಮಾನ್ಯವಾಗಿ ಮಾಡುವುದು, ದೋಷವುಳ್ಳ ಆದೇಶವನ್ನು ತಳ್ಳಿಹಾಕಿ, ನಿಯಮದಂತೆ ಮತ್ತೆ ವಿಚಾರಿಸಿ ತೀರ್ಮಾನಿಸಿರೆಂದು ಅಧಿಕಾರಿಗಳಿಗೇ ಹಿಂದಿರುಗಿಸುವುದು. ನನ್ನ ದೃಷ್ಟಿಯಲ್ಲಿ ಇಲ್ಲಿಯ ತೊಂದರೆ ಅದಕ್ಕೆ ವಿರುದ್ಧವಾದುದು: ನ್ಯಾಯಾಲಯದ ಪರಿಹಾರವು ಬಹಳ ದೂರದಲ್ಲಿದೆ, ಬಹಳ ತಡವಾಗಿ ಬರುತ್ತದೆ. ಧಾರವಾಡದಲ್ಲಿಯೂ ಕಲಬುರಗಿಯಲ್ಲಿಯೂ 2008ರಲ್ಲಿ ಉಚ್ಚ ನ್ಯಾಯಾಲಯದ ಸಂಚಾರಿ ಪೀಠಗಳು ಆರಂಭವಾಗಿ 2013ರಲ್ಲಿ ಕಾಯಂ ಆದುವು; ಉತ್ತರದ ಜಿಲ್ಲೆಗಳವರಿಗೆ ಅದರಿಂದ ಮಹದುಪಕಾರವಾಯಿತು. ಆದರೂ ದಿನಗೂಲಿಯ ಮನೆಯಿಂದ ಹೊರಟ ಹೆಂಗಸಿಗೆ ಬಸ್ಸಿನ ಖರ್ಚು, ವಕೀಲರ ಶುಲ್ಕ, ತಪ್ಪಿದ ಕೂಲಿ ಇವುಗಳ ಲೆಕ್ಕ ಸಣ್ಣದಲ್ಲ. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆಯನ್ನು ಕಟ್ಟಿದವರು ಇಂತಹ ಮನೆಗಳವರೇ ಇರಬೇಕು.

ಇನ್ನು ಈ ವ್ಯಾಜ್ಯದಲ್ಲಿ ಅರ್ಜಿದಾರಳೂ ಪ್ರತಿವಾದಿಯೂ ಅಲ್ಲದ ಮೂರನೆಯವರು ಒಬ್ಬರಿದ್ದಾರೆ: ಊರಿನ ಮಕ್ಕಳು. ನೇಮಕ ರದ್ದಾಗಿ, ತಡೆಯಾಜ್ಞೆ ಬಂದು, ಸ್ಥಾನ ಖಾಲಿ ಬಿದ್ದಾಗ, ನೆರೆಯೂರಿನ ಕಾರ್ಯಕರ್ತೆಗೆ ಎರಡು ಕೇಂದ್ರಗಳ ಹೊರೆ ಬೀಳುತ್ತದೆ. ಸಹಾಯಕಿ ಅಡಿಗೆ ಮಾಡಿ ಬಡಿಸಬಲ್ಲಳು. ತೂಕ ನೋಡಿ ಬರೆಯುವುದು, ಹಾಡು ಕಲಿಸುವುದು, ಗರ್ಭಿಣಿಯ ಮನೆಗೆ ಹೋಗುವುದು ಎಲ್ಲವೂ ಆಕೆಯಿಂದ ಆಗದು. ಶಾಲಾಪೂರ್ವ ಶಿಕ್ಷಣದ ವಯಸ್ಸು ಮೂರರಿಂದ ಆರು. ಮೊಕದ್ದಮೆಯೊಂದು ಮೂರು ವರ್ಷ ನಡೆದರೆ, ಅದು ಹೂಡಿದ ದಿನ ಮೂರು ತುಂಬಿದ ಮಗು ತೀರ್ಪಿನ ದಿನ ಒಂದನೆಯ ತರಗತಿಗೆ ಸೇರಿರುತ್ತದೆ. ನೌಕರಿಯನ್ನು ಆದೇಶದಿಂದ ಹಿಂದಿರುಗಿಸಬಹುದು. ಆ ಮಗುವಿಗೆ ಆ ಮೂರು ವರ್ಷಗಳನ್ನು ಯಾವ ರಿಟ್ಟೂ ಹಿಂದಿರುಗಿಸಲಾರದು.

ಆದುದರಿಂದ ನ್ಯಾಯಾಲಯವು ಕೊನೆಗೆ ಹೇಳುವುದನ್ನು ತಾಲೂಕು ಕಚೇರಿಯು ಮೊದಲೇ ಮಾಡುವಂತಾಗಬೇಕೆಂಬುದು ನನ್ನ ವಾದ. ಅದಕ್ಕೆ ಹೊಸ ಕಾಯಿದೆಯೇನೂ ಬೇಡ, ನಾಲ್ಕು ಸಾಲಿನ ಒಂದು ಸುತ್ತೋಲೆ ಸಾಕು. ನೇಮಕದ ವಿರುದ್ಧ ದೂರು ಬಂದರೆ ಅದರ ಪ್ರತಿಯನ್ನು ನೋಟಿಸಿನೊಂದಿಗೆ ಕಾರ್ಯಕರ್ತೆಗೆ ಕೊಡತಕ್ಕದ್ದು. ದೂರು ಕೊಟ್ಟವಳನ್ನೂ ನೇಮಕಗೊಂಡವಳನ್ನೂ ಒಂದೇ ದಿನ ಎದುರುಬದುರು ಕೂರಿಸಿ, ದಾಖಲೆಗಳನ್ನು ನೋಡಿ, ಬೇಕಾದರೆ ಊರಿಗೇ ಹೋಗಿ ವಿಚಾರಿಸತಕ್ಕದ್ದು. ತೀರ್ಮಾನವನ್ನು ಕಾರಣಸಹಿತ, ಪಿ.ಯು.ಸಿ. ಓದಿದವರಿಗೆ ಅರ್ಥವಾಗುವ ಕನ್ನಡದಲ್ಲಿ ಬರೆಯತಕ್ಕದ್ದು. ಅದರ ಮೇಲೆ ಜಿಲ್ಲೆಯಲ್ಲಿಯೇ, ಆಯ್ಕೆಯಲ್ಲಿ ಭಾಗವಹಿಸದ ಒಬ್ಬ ಅಧಿಕಾರಿಯ ಮುಂದೆ, ಗೊತ್ತಾದ ಅವಧಿಯೊಳಗೆ ಮುಗಿಯುವ ಮೇಲ್ಮನವಿ ಇರತಕ್ಕದ್ದು. ಅದು ಮುಗಿಯುವವರೆಗೆ ಕೆಲಸದಲ್ಲಿದ್ದವಳೇ ಮುಂದುವರಿದು ಕೇಂದ್ರದ ಬಾಗಿಲು ತೆರೆದಿರತಕ್ಕದ್ದು. ದೇವರು ಕೊಟ್ಟರೂ ಪೂಜಾರಿ ಕೊಡ ಎಂಬ ಮಾತು ಸಂವಿಧಾನದ ವಿಷಯದಲ್ಲಿ ನಿಜವಾಗಬಾರದು.

ಕೊನೆಯದಾಗಿ ನನ್ನ ಸಹಪಾಠಿಗಳಿಗೆ ಒಂದು ಮಾತು. ನಮ್ಮ ಮನೆಗಳಲ್ಲಿ ಪದವಿಯ ಮುಖ ಕಂಡವರಲ್ಲಿ ನಾವೇ ಮೊದಲಿಗರು. ನಮ್ಮ ಓದಿನಿಂದ ಊರಿಗೇನು ಬಂತೆಂದು ಹಿರಿಯರು ಕೇಳಿದಾಗ ಉತ್ತರ ತೋಚದೆ ನಿಲ್ಲುತ್ತೇವೆ. ಇಗೋ, ನಾವು ಮಾಡಬಹುದಾದ ಕೆಲವು ಕೆಲಸಗಳು. 2005ರ ಮಾಹಿತಿ ಹಕ್ಕು ಕಾಯಿದೆಯಂತೆ ದೂರಿನ ಪ್ರತಿಯನ್ನೂ ಆಯ್ಕೆ ಸಮಿತಿಯ ನಡವಳಿಯನ್ನೂ ಕೇಳಿ ಅರ್ಜಿ ಬರೆದುಕೊಡಬಹುದು. 30 ದಿನಗಳೊಳಗೆ ಉತ್ತರ ಕೊಡುವುದು ಕಚೇರಿಯ ಕರ್ತವ್ಯ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯ 12ನೆಯ ಕಲಮಿನಂತೆ, ಆದಾಯವೆಷ್ಟೇ ಇರಲಿ, ಹೆಂಗಸಾದವಳಿಗೆ ಉಚಿತವಾಗಿ ವಕೀಲರ ನೆರವು ಪಡೆಯುವ ಹಕ್ಕಿದೆ. ಇದನ್ನು ಬಲ್ಲವರು ನಮ್ಮ ಹಳ್ಳಿಗಳಲ್ಲಿ ಎಷ್ಟು ಮಂದಿ? ತಾಲೂಕು ಕಾನೂನು ಸೇವಾ ಸಮಿತಿಯು ಇರುವುದು ನ್ಯಾಯಾಲಯದ ಆವರಣದಲ್ಲಿಯೇ ಎಂದು ದಾರಿ ತೋರಿಸಬಹುದು. ನೋಟಿಸು ಬಂದವಳೊಂದಿಗೆ ಕುಳಿತು ಉತ್ತರವನ್ನು ಬರೆಯಬಹುದು. ಬೆಂಟ್ಲಿಯ ಕಾಲದ ತತ್ತ್ವವನ್ನು ಪರೀಕ್ಷೆಯಲ್ಲಿ ಐದು ಅಂಕಕ್ಕೆ ಬರೆಯುವ ನಾವು ಅದನ್ನು ಒಂದು ಬಿಳಿ ಹಾಳೆಯ ಅರ್ಜಿಯಲ್ಲಿಯೂ ಬರೆಯಲು ಕಲಿತರೆ, ಸರ್ಕಾರವು ಈ ಕಾಲೇಜನ್ನು ನಮಗಾಗಿ ತೆರೆದುದು ಸಾರ್ಥಕವಾದೀತು.